ತಾತನ ಡಿಕ್ಷನರಿಯಲ್ಲಿ ಇಲ್ಲದ ಮಾತು

ನುಸಿಗುಳಿಗೆಯ ವಾಸನೆ ಬಂದರೆ ಈಗಲೂ ನನಗೆ ತಾತನ ಇಂಗ್ಲಿಷ್ ಡಿಕ್ಷನರಿ, ಜಯನಗರದ ಮನೆಯ ಆ ಮಧ್ಯಾಹ್ನ ನೆನಪಾಗುತ್ತವೆ.

ಅಕ್ಕನನ್ನು ನೋಡಲು ಗಂಡಿನವರು ಬಂದಿದ್ದರು. ಕೇಸರಿಬಾತು ತಿಂದು ಹೊರಟವರ ಜೊತೆ ಅಪ್ಪ ಗೇಟಿನ ತನಕ ಹೋಗಿ, "ವಿಷಯ ತಿಳಿಸ್ತೀರಲ್ಲ?" ಎಂದು ಕೇಳಿದರು. ಹುಡುಗ "ಓಕೆ" ಎಂದು ಟ್ಯಾಕ್ಸಿ ಹತ್ತಿದ. ಆ ಮಾತು ಆಗಿನ್ನೂ ನಮಗೆಲ್ಲ ಹೊಸದು. ಆಮೇಲೆ ನಮ್ಮ ಮನೆಯಲ್ಲಿ ಯಾರೂ ಕೂತಲ್ಲಿ ಕೂರಲಿಲ್ಲ.

"ಓಕೆ ಅಂದ್ರೆ ಒಪ್ಪಿಗೆ ಅಂತ ತಾನೇ?" ಎಂದರು ಅಮ್ಮ, ತೊಳೆದ ಲೋಟವನ್ನೇ ಮತ್ತೆ ತೊಳೆಯುತ್ತ.

"ನಮ್ಮ ಆಫೀಸಿನ ಹುಡುಗರು ಮನೆಗೆ ಹೊರಡೋವಾಗಲೂ ಹಾಗೇ ಅಂತಾರೆ ಕಣೆ," ಎಂದರು ಅಪ್ಪ.

ತಾತ ಬೀರುವಿನಿಂದ ಡಿಕ್ಷನರಿ ತೆಗೆದು, ಭೂತಗನ್ನಡಿ ಹಿಡಿದು ಹುಡುಕಿದರು. "ಇದರಲ್ಲಿ ಆ ಮಾತೇ ಇಲ್ವಲ್ಲೋ."

ಎಲ್ಲರೂ ನನ್ನ ಕಡೆ ತಿರುಗಿದರು. "ಕಾನ್ವೆಂಟಿನವಳು ನೀನು, ಹೇಳೇ," ಎಂದರು ಅಮ್ಮ.

"ಅದು ಬೀದಿ ಮಾತು, ಆಡಬಾರದು ಅಂತಾರೆ ನಮ್ಮ ಸಿಸ್ಟರ್," ಎಂದೆ. ಅಮ್ಮನ ಮುಖ ಇಳಿದುಹೋಯಿತು.

ಅಕ್ಕ ಹಿತ್ತಲ ಮೆಟ್ಟಿಲ ಮೇಲೆ ರೇಷ್ಮೆ ಸೀರೆಯಲ್ಲೇ ಕೂತು, ಜಡೆಯ ಮಲ್ಲಿಗೆಯನ್ನು ಒಂದೊಂದಾಗಿ ಕೀಳುತ್ತಿದ್ದಳು. ಅವಳನ್ನು ಯಾರೂ ಏನೂ ಕೇಳಿರಲಿಲ್ಲ. ನನ್ನನ್ನು ಕಂಡು, "ಡಿಕ್ಷನರಿ ತಗೊಂಡು ಬಾರೆ," ಎಂದಳು. ತಂದುಕೊಟ್ಟೆ.

"ಇದರಲ್ಲಿ 'ನೋ' ಎಲ್ಲಿದೆ, ತೋರಿಸು."

ತೋರಿಸಿದೆ. ಅವಳು ಅದರ ಮೇಲೆ ಬೆರಳಿಟ್ಟಳು.

"ಇದಕ್ಕೆ ತಾತ ಬೇರೆ ಅರ್ಥ ಹುಡುಕಲ್ಲ ಅಲ್ವಾ?" ಎನ್ನುತ್ತ ಎದ್ದವಳು, ಪುಟದ ಮೇಲಿನ ಬೆರಳು ತೆಗೆಯದೆ ನಡುಮನೆಗೆ ನಡೆದಳು.