ದೊಡ್ಡತ್ತೆ ಹಾಕಿದ ಕೂ

ಕಾಯಿ ತುರಿಯುವ ವಾಸನೆ ಬಂದರೆ ನನಗೆ ಈಗಲೂ ಬಾಳೂರಿನ ಆ ಮಧ್ಯಾಹ್ನ ನೆನಪಾಗುತ್ತದೆ.

ತೋಟದ ಮನೆಯಲ್ಲಿ ಒಬ್ಬರೇ ಇದ್ದ ದೊಡ್ಡತ್ತೆ ಟೀವಿ ಮುಂದೆ ತುರಿಮಣೆ ಇಟ್ಟುಕೊಂಡು ಕೂತಿದ್ದರು. ರಜೆಗೆ ಹೋಗಿದ್ದ ನಾನು ಇಂಗ್ಲಿಷ್ ಸಿನಿಮಾದ ಸಿ.ಡಿ. ಹಾಕಿದ್ದೆ. ನರಮನುಷ್ಯರಿಲ್ಲದ ದ್ವೀಪದಲ್ಲಿ ಸಿಕ್ಕಿಕೊಂಡ ಗಡ್ಡದವನೊಬ್ಬ ಒದ್ದಾಡುತ್ತಿದ್ದ. ಅತ್ತೆಗೆ ಇಂಗ್ಲಿಷ್ ಬರುತ್ತಿರಲಿಲ್ಲ, ಬೇಕಾಗಿಯೂ ಇರಲಿಲ್ಲ.

"ಆ ಕಾಡಲ್ಲಿ ಕಾಲಿಗೆ ಹತ್ತಿ ರಕ್ತ ಹೀರೋಕೆ ಒಂದು ಇಂಬಳ ಇಲ್ಲ ನೋಡು. ಪುಣ್ಯಾತ್ಮ!" ಅಂದರು.

ಅಷ್ಟರಲ್ಲಿ ದೂರದಲ್ಲೊಂದು ಹಡಗು ಕಾಣಿಸಿತು. ಅವನು ಕೈ ಬೀಸಿ ಕಿರುಚಿದ. ಹಡಗು ತಿರುಗಲೇ ಇಲ್ಲ.

"ಹಂಗೆ ಕಿರುಚಿದ್ರೆ ಯಾರಿಗೆ ಕೇಳುತ್ತೆ ಮಾರಾಯ? ಕೂ ಹಾಕು!" ಎಂದು ಅತ್ತೆ ತುರಿಮಣೆ ಬಿಟ್ಟೆದ್ದು, ಬಾಯಿಗೆ ಕೈ ಅಡ್ಡ ಹಿಡಿದು, ತಾವೇ ಒಂದು ಕೂ ಹಾಕಿಬಿಟ್ಟರು.

ನಮ್ಮ ಕಡೆ ಮನೆಯಿಂದ ಕೂ ಕೇಳಿತೆಂದರೆ ಆನೆ ಬಂದಿದೆ, ಇಲ್ಲವೇ ಯಾರಿಗೋ ಏನೋ ಆಗಿದೆ ಅಂತಲೇ ಲೆಕ್ಕ. ಎದುರು ಗುಡ್ಡದಿಂದ ತಿರುಗಿ ಕೂ ಬಂತು. ಸ್ವಲ್ಪ ಹೊತ್ತಿಗೆ ತೋಟದ ಮೇಸ್ತ್ರಿಯೂ ಮರ ಕಡಿಯುತ್ತಿದ್ದ ಆಳುಗಳೂ ಕತ್ತಿ ಹಿಡಿದು ಏದುಸಿರು ಬಿಡುತ್ತಾ ಅಂಗಳದಲ್ಲಿ ನಿಂತಿದ್ದರು.

"ಏನಾಯ್ತು ಅಮ್ಮಾವ್ರೇ?"

ಅತ್ತೆಯ ಮುಖದಲ್ಲಿ ನಾಚಿಕೆಯ ಸುಳಿವೂ ಇರಲಿಲ್ಲ. ಎಲ್ಲರನ್ನೂ ಒಳಗೆ ಕೂರಿಸಿ, ಕಾಫಿಗೆ ನೀರಿಟ್ಟು, ಅಟ್ಟದಿಂದ ಲೋಟಗಳನ್ನೆಲ್ಲ ಇಳಿಸಿದರು. ಆಮೇಲೆ ಟೀವಿಯವನ ಕಡೆ ತಿರುಗಿ ಹೇಳಿದರು: "ನೋಡು, ಬಂದ್ರಲ್ಲ?"