ಎಡಗಾಲಿಯ ವೈರು

ಗಾಲಿಗೆ ಹೊಸಾ ಸೆನ್ಸರ್ ಹಾಕಿದ್ರೂ ಡ್ಯಾಶ್‌ಬೋರ್ಡಿನ್ಯಾಗ ಬ್ರೇಕಿನ ಎಬಿಎಸ್ ದೀಪ ಆರವಲ್ದು. ಇಂಗ್ಲೆಂಡಿನ ಸೊಲಿಹಲ್ ಊರಾಗ ಮನಿ ಮುಂದ ಕಾರಿನ ಎಡಗಾಲಿ ಬಿಚ್ಚಿ ಕುಂತ ಮಧುರಾನ ಬೆವರಿಗೆ ಒಂದು ಕೆರಿ ತುಂಬತಿತ್ತು. ಇನ್ನೊಂದ್ ತಾಸಿಗೆ ಕಾರಿನ ಎಂಒಟಿ, ಗಾಡಿ ರೋಡಿಗಿಳಿಸಾಕ ವರ್ಷಾ ಪಾಸಾಗಬೇಕಾದ ಪರೀಕ್ಷೆ. ದೀಪ ಉರದ್ರ ಫೇಲು. ಕಾರಿಲ್ಲಂದ್ರ, ಮನಿಮನಿಗೆ ಹೋಗಿ ಮುದುಕರನ್ನ ನೋಡ್ಕೊಳ್ಳೋ ಕೆಲಸಾನೂ ನಾಳಿಗೇ ಹೋತು.

"ನಿನ್ನ ಮಾರಿ ನೋಡಿದ್ರ ಕಾರೇ ಅಂಜಿ ಓಡ್ತೈತಿ ಬಿಡು," ಅಂದ್ಲು ಅವ್ವ ದಾಕ್ಷಾಯಣಿ.

ಮಧುರಾ ಸೆನ್ಸರಿಂದ ಮ್ಯಾಲೆ ಹೋಗೋ ವೈರನ್ನ ಬೆರಳಿಂದ ಸವರ್ಕೋತ ಹೋದ್ಲು. ಒಂದ್ ಕಡೆ ಕರಿ ದಾರ ಬಿಗಿಯಾಗಿ ಸುತ್ಕೊಂಡು ವೈರನ್ನ ಕೊಯ್ದಿತ್ತು.

"ಯವ್ವಾ, ಇದೇನಿದು?"

"ದೃಷ್ಟಿ ದಾರ. ನಿಂಗೇನೂ ಆಗಬಾರ್ದಂತ ನಾನೇ ಕಟ್ಟಿದ್ದೆ."

ಮಧುರಾ ವೈರು ಜೋಡಿಸಿ ಟೇಪು ಸುತ್ತಾಕ ಹತ್ತಿದ್ಲು.

"ಮಗಳ," ಅಂದ್ಲು ಅವ್ವ, ಮೆಲ್ಲಕ. "ನಾಲ್ಕೂ ಗಾಲಿಗೆ ಕಟ್ಟೀನಿ."