ಬೋಂಡನ ಕಿವಿಯ ಉಣ್ಣೆಹುಳು

ಉಣ್ಣೆಹುಳು ಕಚ್ಚಿ ನಾಯಿಗಳಿಗೆ ಬರುವ ಜ್ವರಕ್ಕೆ ಯಾವ ಆಂಟಿಬಯಾಟಿಕ್ಕೂ ನಾಟದಂತಾದ ಮೇಲೆ, ಹೆಣ್ಣು ನೋಡುವ ದಿನ ಹುಡುಗಿಯಿಂದ ಹಾಡಿಸುವುದು ನಿಂತಿತು. ಈಗ ಹುಡುಗನೇ ಆ ಮನೆಯ ನಾಯಿಯ ಮೈಯಿಂದ ಉಣ್ಣೆಹುಳು ಆರಿಸಿ ತೋರಿಸಬೇಕು. ಕೈ ಚುರುಕಿಲ್ಲದವನ ಮನೆಯಲ್ಲಿ ನಾಯಿ ಉಳಿಯುವುದಿಲ್ಲ. ನಾಯಿ ಉಳಿಯದ ಮನೆಗೆ ಯಾರೂ ಹೆಣ್ಣು ಕೊಡುವುದಿಲ್ಲ.

ಅರಸೀಕೆರೆಯ ನಂಜಪ್ಪನವರ ಮಗಳು ವಿಭಾಳನ್ನು ನೋಡಲು ತಾಯಿಯೊಡನೆ ಬಂದ ನಾಲ್ಕನೆಯ ಹುಡುಗ ಚಿರಂತ್. ಉಪ್ಪಿಟ್ಟು ಮುಟ್ಟದೆ ಚಾಪೆಯ ಮೇಲೆ ಕೂತು, ನಾಯಿ ಬೋಂಡನನ್ನು ತೊಡೆಗೆ ಎಳೆದುಕೊಂಡು, ಕಾಲ್ಬೆರಳ ಸಂದು, ಬಾಲದ ಬುಡ ಎಲ್ಲ ತಡವಿದ. ಕೊನೆಗೆ ಕಿವಿಯೊಳಗಿಂದ ಒಂದು ಹುಳುವನ್ನು ಚಿಮಟದಿಂದ ಕಿತ್ತು ಸೋಪಿನ ನೀರಿಗೆ ಹಾಕಿದ.

“ಭೇಷ್,” ಎಂದರು ನಂಜಪ್ಪ. “ಪರೀಕ್ಷೆಗೆ ಅಂತ ಅದೊಂದನ್ನ ನಾವೇ ಬಿಟ್ಟಿದ್ವಿ.”

ಚಿರಂತನ ಮುಖ ಕೆಂಪಾಯಿತು. “ಬೇಕಂತ್ಲೇ ಬಿಟ್ಟಿದ್ರಾ? ಇದಕ್ಕೆ ಜ್ವರ ಬಂದ್ರೆ ಯಾವ ಔಷಧಿ ಕೊಡ್ತೀರಾ? ಏಳಮ್ಮ, ಈ ಸಂಬಂಧ ನಮಗೆ ಬೇಡ.”

ಅವನ ತಾಯಿ ಎದ್ದರು. ಅಷ್ಟರಲ್ಲಿ ವಿಭಾ ಒಳಗಿನಿಂದ ಬಂದಳು.

“ಹಿಂದಿನ ಮೂವರೂ ಭೇಷ್ ಅನ್ನಿಸ್ಕೊಂಡು ನಕ್ರು, ಅಪ್ಪ. ನಾಯಿ ಗತಿ ಏನು ಅಂತ ಕೇಳಿದವರು ಇವರೊಬ್ಬರೇ.”

ಅವಳು ಚಾಪೆಯ ಮೇಲೆ ಕೂತು ಚಿರಂತನ ಕಡೆ ಕೈ ಚಾಚಿದಳು.

“ಚಿಮಟ ಕೊಡಿ. ಇನ್ನೊಂದು ಕಿವಿ ನಾನು ನೋಡ್ತೀನಿ.”